ಹಸೀನಾಬಾಯಿಯ ಪಾಳಿಗೆ ಒಂದು ಕೊಡ

ಸಾವಂತ್ರವ್ವ ತನ್ನ ತಗಡಿನ ಟ್ರಂಕಿಗೆ ಕಟ್ಟಿದ ಹಗ್ಗವನ್ನು ಮದುವೆಯಾದ ಆರು ವರ್ಷಗಳಲ್ಲಿ ಒಮ್ಮೆಯೂ ಬಿಚ್ಚಿರಲಿಲ್ಲ. ಸೀರೆ ಬೇಕಾದಾಗ ಹಗ್ಗವನ್ನು ಒಂದಿಷ್ಟು ಸರಿಸಿ, ಮುಚ್ಚಳವನ್ನು ನಾಲ್ಕು ಬೆರಳು ಎತ್ತಿ, ಒಳಗೆ ಕೈ ಹಾಕಿ ಸಿಕ್ಕಿದ್ದನ್ನು ಎಳೆದುಕೊಳ್ಳುತ್ತಿದ್ದಳು. ಸಿಕ್ಕಿದ್ದು ಕುಬಸವಾದರೆ ಮತ್ತೊಮ್ಮೆ ಕೈ ಹಾಕುತ್ತಿದ್ದಳು. ಗಂಡ ಅಮೋಘಿ ಆ ಆರು ವರ್ಷಗಳಲ್ಲಿ ಐದು ನೌಕರಿ ಹಿಡಿದಿದ್ದ. ಐದೂ ತಾತ್ಕಾಲಿಕ. ಒಂದೊಂದು ನೌಕರಿ ಹೋದಾಗಲೂ ಒಂದೊಂದು ಬಾಡಿಗೆ ಮನೆ ಹೋಗುತ್ತಿತ್ತು. ಟ್ರಂಕು ಮಾತ್ರ ಕಟ್ಟಿದಂತೆಯೇ ಬಂಡಿ ಏರುತ್ತಿತ್ತು.

“ನೀವು ಕಾಯಂ ಆಗ್ರಿ, ನಾ ಹಗ್ಗಾ ಬಿಚ್ಚತೇನಿ,” ಎನ್ನುತ್ತಿದ್ದಳು ಅವಳು. “ಸುಮ್ಮ ಬಿಚ್ಚೂದು, ಮತ್ತ ಕಟ್ಟೂದು ಯಾಕ?”

ಆರನೆಯ ನೌಕರಿ ಸಿಕ್ಕಿದ್ದು ೧೯೭೮ರಲ್ಲಿ. ಮುಂಬಯಿಯ ಒಂದು ಸಂಶೋಧನ ಸಂಸ್ಥೆಯವರು ಕಂಪ್ಯೂಟರುಗಳು ತಂತಿಯ ಮೇಲೆ ಒಂದರೊಡನೊಂದು ಮಾತನಾಡಬಲ್ಲವೇ ಎಂದು ಪರೀಕ್ಷಿಸಲು ಹೊರಟಿದ್ದರು. ಒಳ್ಳೆಯ ತಂತಿಯ ಮೇಲೆ ಯಾರು ಬೇಕಾದರೂ ಮಾತನಾಡಿಯಾರು, ಹಳೆಯ ತಂತಿಯ ಮೇಲೆ ಮಾತನಾಡಿಸಿದರೆ ವಿದ್ಯೆ ಎಂದುಕೊಂಡು ಅವರು ವಿಜಾಪುರಕ್ಕೆ ಬಂದರು. ಇಬ್ರಾಹಿಂಪುರದಲ್ಲಿ ರೈಲು ಹಳಿಯ ಮಗ್ಗುಲಿಗೇ ಒಂದು ಕೋಣೆ ಹಿಡಿದು, ಅದರೊಳಗೆ ಕಪಾಟಿನಷ್ಟು ಎತ್ತರದ ಒಂದು ಯಂತ್ರವನ್ನೂ ಅದರ ಮುಂದೆ ಒಂದು ಟೆಲಿಪ್ರಿಂಟರನ್ನೂ ಇಟ್ಟರು. ತಿಕೋಟಾದಲ್ಲಿ ಒಂದು ಟೆಲಿಪ್ರಿಂಟರ್, ಬಬಲೇಶ್ವರದಲ್ಲಿ ಇನ್ನೊಂದು. ಮೂರಕ್ಕೂ ಸೇರಿ ಒಂದೇ ತಂತಿ. ಒಂದು ಕಡೆ ಒತ್ತಿದ ಅಕ್ಷರ ಉಳಿದೆರಡು ಕಡೆ ಕಾಗದದ ಮೇಲೆ ಮೂಡುತ್ತಿತ್ತು. ಧಾರವಾಡ, ಸೊಲ್ಲಾಪುರ, ಪುಣೆಗಳ ಸಂಶೋಧಕರು ತಮ್ಮ ತಮ್ಮ ಪ್ರಯೋಗಗಳನ್ನು ಈ ಒಂದೇ ತಂತಿಯ ಮೇಲೆ, ಗೊತ್ತು ಮಾಡಿದ ದಿನ, ಗೊತ್ತು ಮಾಡಿದ ತಾಸಿನಲ್ಲಿ ನಡೆಸಿಕೊಳ್ಳಬೇಕು. ಯಾರಿಗೆ ಯಾವ ತಾಸು ಎಂಬುದು ಮುಂಬಯಿಯಿಂದ ಪತ್ರದಲ್ಲಿ ಬರುತ್ತಿತ್ತು. ಅದನ್ನು ರಜಿಸ್ಟರಿನಲ್ಲಿ ಬರೆಯುವುದು, ಕೋಣೆ ಗುಡಿಸುವುದು, ಯಂತ್ರಕ್ಕೆ ಕಾಗದ ಹಾಕುವುದು, ಮೂಡಿದ ಕಾಗದವನ್ನು ಹರಿದು ಟಪಾಲಿಗೆ ಹಾಕುವುದು ಅಮೋಘಿಯ ಕೆಲಸ. ನೇಮಕದ ಪತ್ರದಲ್ಲಿ ಅವನನ್ನು ‘ತಾತ್ಕಾಲಿಕ ಕೋಣೆಪಾಲಕ’ ಎಂದು ಕರೆದಿದ್ದರು.

ಕೋಣೆಪಾಲಕ ಎಂಬ ಪದವನ್ನು ಅಮೋಘಿ ಎರಡು ದಿನ ಸಹಿಸಿದ. ಮೂರನೆಯ ದಿನ ಪಕ್ಕದ ಸೈಕಲ್ ಅಂಗಡಿಯ ಮಶಾಕಸಾಬನ ಹತ್ತಿರ ಹೋಗಿ ಒಂದು ಬೋರ್ಡು ಬರೆಸಿದ. ಮಶಾಕಸಾಬ ಅಲ್ಲಿಯವರೆಗೆ ಸೈಕಲ್ಲಿನ ಮಡಗಾರ್ಡುಗಳ ಮೇಲೆ ಮಾತ್ರ ಹೆಸರು ಬರೆದವನು. ಹಾಗಾಗಿ ‘ಶ್ರೀ ಅಮೋಘಿ, ಎಸ್.ಎಸ್.ಎಲ್.ಸಿ., ಮುಖ್ಯ ಅಧಿಕಾರಿ’ ಎಂಬ ಅಕ್ಷರಗಳ ಎರಡೂ ಬದಿಗೆ ಒಂದೊಂದು ಗುಲಾಬಿ ಹೂವೂ, ಕೆಳಗೆ ಅಭ್ಯಾಸಬಲದಿಂದ ‘ನಿಧಾನವಾಗಿ ಚಲಿಸಿರಿ’ ಎಂಬ ಸೂಚನೆಯೂ ಬಂದವು.

“ಅಧಿಕಾರಿ ಅಂದ್ರ ಕೈಯಾಗ ಏನರೆ ಅಧಿಕಾರ ಇರಬೇಕಲ್ಲೋ ಅಮೋಘಿ,” ಎಂದ ಮಶಾಕಸಾಬ ಕುಂಚ ಒರೆಸುತ್ತ.

“ಕೀಲಿ ಐತೆಲ್ಲ,” ಎಂದ ಅಮೋಘಿ.

ಬೋರ್ಡು ಒಣಗುವ ಮೊದಲೇ ಘೋಣಸಗಿಯಿಂದ ಮಾವ ತುಕಾರಾಮ ಬಂದ. ಬೋರ್ಡನ್ನು ಎರಡು ಸಲ ಓದಿದ. ಒಳಗೆ ಬಂದು ಯಂತ್ರದ ಸುತ್ತ ಒಂದು ಸುತ್ತು ಹಾಕಿದ.

“ಇದೇನ ಮಾಡತೈತ್ರಿ ಅಳಿಯಂದ್ರ?”

“ಒಂದೂರಿನ ಅಕ್ಷರಾ ಇನ್ನೊಂದೂರಿಗೆ ಹೊಕ್ಕಾವ್ರಿ ಮಾವಾರ.”

“ಹೋಗಿ?”

“ಹೋಗಿ... ಅಲ್ಲೇ ಇರತಾವ್ರಿ.”

ತುಕಾರಾಮನ ಮುಖದಲ್ಲಿ ಮಗಳನ್ನು ಕೊಟ್ಟ ದಿನದ ಹಳೆಯ ಅನುಮಾನ ಮತ್ತೆ ಕಾಣಿಸಿಕೊಂಡಿತು. ಅಮೋಘಿಗೆ ಆಗ ಮಾವನ ಹೊಲದ ಬಾವಿ ನೆನಪಾಯಿತು.

“ನಿಮ್ಮ ಬಾವಿ ಐತೆಲ್ರಿ, ಹನ್ನೊಂದ ಮಂದೀ ಪಾಲಿಂದು? ಇದೂ ಹಂಗ. ತಂತಿ ಒಂದ, ಪಾಲಿನವ್ರು ಬ್ಯಾರೆ ಬ್ಯಾರೆ. ಸೋಮವಾರ ಧಾರವಾಡದವ್ರ ಪಾಳಿ, ಮಂಗಳವಾರ ಸೊಲ್ಲಾಪುರದವ್ರದು.”

“ಪಾಳಿ ಹಂಚಾವ ಯಾರು?”

ಅಮೋಘಿ ಬಾಗಿಲಾಚೆಯ ಬೋರ್ಡಿನ ಕಡೆ ಒಮ್ಮೆ ನೋಡಿದ. “ನಾನ್ರಿ.”

ತುಕಾರಾಮ ರುಮಾಲು ತೆಗೆದು, ಜಾಡಿಸಿ, ಮತ್ತೆ ಸುತ್ತಿಕೊಂಡ. ಘೋಣಸಗಿಯಲ್ಲಿ ಪಾಳಿ ಹಂಚುವವನಿಗೆ ಪೊಲೀಸ್ ಪಾಟೀಲನೂ ಮೊದಲು ತಾನೇ ನಮಸ್ಕಾರ ಹೇಳುತ್ತಾನೆ.

“ಜ್ವಾಕಿ ಮತ್ತ. ಯಾರ ಪಾಳೀನೂ ಖಾಲಿ ಹೋಗಗೊಡಬ್ಯಾಡ್ರಿ,” ಎಂದು ಹೇಳಿ ಹೋದ.

ಆ ಬಾವಿಗೆ ಒಂದು ಕಟ್ಟಳೆಯಿತ್ತು. ಒಬ್ಬ ಪಾಲುದಾರನ ಪಾಳಿ ಒಂದರ ಹಿಂದೊಂದರಂತೆ ಮೂರು ಸಲ ಖಾಲಿ ಹೋದರೆ ಬಾವಿಯಲ್ಲಿ ಅವನ ಹಕ್ಕು ಮುಗಿದಂತೆ. ಆದ್ದರಿಂದ ಪಾಲುದಾರ ಜ್ವರ ಬಂದು ಮಲಗಿದ್ದರೆ, ಇಲ್ಲವೇ ಬೀಗರ ಊರಿಗೆ ಹೋಗಿದ್ದರೆ, ಪಕ್ಕದ ಹೊಲದವನು ಅವನ ಪಾಳಿಯಲ್ಲಿ ಒಂದು ಕೊಡ ನೀರೆತ್ತಿ ಅವನ ಬದುವಿನ ಮೇಲೆ ಸುರಿದು ಬರುತ್ತಾನೆ. ಮಾತು ಬಿಟ್ಟವರೂ ಇಷ್ಟು ಮಾಡುತ್ತಾರೆ. ಮಾಡಿದ್ದನ್ನು ಮಾತ್ರ ಯಾರೂ ಬಾಯಿಬಿಟ್ಟು ಹೇಳುವುದಿಲ್ಲ. ಹೇಳಿದರೆ ಆ ಕೊಡ ಲೆಕ್ಕಕ್ಕಿಲ್ಲ.

ಹೀಗಿರುವಾಗ ಮುಂಬಯಿಯಿಂದ ಬಂದ ಹೊಸ ಪತ್ರವನ್ನು ನೋಡಿ ಅಮೋಘಿ ರಜಿಸ್ಟರಿನಲ್ಲಿ ಬರೆದ: ‘ಕುಮಾರಿ ಹಸೀನಾ, ಧಾರವಾಡ. ಬುಧವಾರ ೧೦ರಿಂದ ೧೧. ಖಾಲಿ. ಮೂರು ವಾರ.’ ಬರೆದು ಮುಗಿಸಿ ಮತ್ತೊಮ್ಮೆ ಓದಿದ. ಮೂರು ವಾರ!

ಮನೆಗೆ ಹೋಗಿ ಹೆಂಡತಿಗೆ ಹೇಳಿದ.

“ಯಾರ ಮಗಳೋ ಏನೋ ಪಾಪ,” ಎಂದಳು ಸಾವಂತ್ರವ್ವ. “ಬರಾಕ ಆಗವಲ್ದೇನೋ. ಒಂದ ಕೊಡಾ ಹಾಕ್ರಿ. ನಿಮ್ಮ ಗಂಟೇನ ಹೊಕ್ಕೈತಿ?”

ಬುಧವಾರ ಬಂತು. ಹತ್ತು ಹೊಡೆಯಿತು. ಯಂತ್ರ ಸುಮ್ಮನೆ ಕೂತಿತ್ತು. ಸುಮ್ಮನೆ ಕೂತ ಯಂತ್ರವನ್ನು ನೋಡುತ್ತ ಸುಮ್ಮನೆ ಕೂರುವುದು ಅಮೋಘಿಗೆ ಆಗದ ಕೆಲಸ. ಅವನು ಎದ್ದ, ಕೂತ, ಗುಡಿಸಿದ್ದ ನೆಲವನ್ನೇ ಮತ್ತೆ ಗುಡಿಸಿದ. ಹತ್ತೂಕಾಲಿಗೆ ಸೊಲ್ಲಾಪುರದ ಗಾಡಿ ಗೋಡೆ ನಡುಗಿಸುತ್ತ ಹಾದುಹೋಯಿತು. ಇನ್ನು ತಡ ಮಾಡಬಾರದು ಎಂದು ಅವನು ಟೆಲಿಪ್ರಿಂಟರಿನ ಮುಂದೆ ಕೂತ. ಒಂದು ಕೊಡ ಎಂದರೆ ಒಂದು ಸಾಲು ಎಂಬುದು ಖಚಿತವಿತ್ತು. ಯಾವ ಅಕ್ಷರ ಎಂಬುದೇ ಪ್ರಶ್ನೆ. ಐ ತೀರ ಸಪೂರ, ಅದರಲ್ಲಿ ಏನು ಹಿಡಿದೀತು? ಕೊನೆಗೆ ಇದ್ದುದರಲ್ಲೇ ಅಗಲವಾದ ಡಬ್ಲ್ಯೂವನ್ನು ಆರಿಸಿ, ಈ ಅಂಚಿನಿಂದ ಆ ಅಂಚಿನವರೆಗೆ ಒತ್ತಿದ. ತುಂಬಿದ ಸಾಲು ನೋಡಿ ಮನಸ್ಸು ತಂಪಾಯಿತು. ಕಾಗದ ಹರಿದು ಧಾರವಾಡಕ್ಕೆ ಟಪಾಲು ಮಾಡಿದ.

ಸೋಮವಾರ ಆ ಕಾಗದವನ್ನು ಹಿಡಿದುಕೊಂಡು ಹಸೀನಾ ಸ್ವತಃ ಬಂದಳು. ಇಪ್ಪತ್ತೈದರ ಹುಡುಗಿ, ಭುಜಕ್ಕೊಂದು ಚೀಲ, ಕೈಯಲ್ಲಿ ಗಂಡಸರ ಗಡಿಯಾರ. ಅವಳ ಮುಖದಲ್ಲಿ ಇದ್ದದ್ದು ಗಾಬರಿ. ಅಮೋಘಿ ಅದನ್ನು ಕೃತಜ್ಞತೆ ಎಂದು ಓದಿಕೊಂಡು ತಲೆ ತಗ್ಗಿಸಿದ.

“ಈ ಸಾಲು ಮೂಡಿದಾಗ ಇಲ್ಲಿ ಏನ ಆತ್ರಿ ಅಮೋಘಿಯವರ? ಬಾಜೂಕ ಹತ್ತೂಕಾಲು ಅಂತ ವ್ಯಾಳ್ಯಾ ಬಿದ್ದೈತಿ.”

ಕೊಡದ ವಿಷಯ ಹೇಳುವಂತಿರಲಿಲ್ಲ. ಸುಳ್ಳು ಹೇಳುವ ಮನಸ್ಸೂ ಇರಲಿಲ್ಲ. “ಗಾಡಿ ಹೋತ್ರಿ,” ಎಂದ ಅಮೋಘಿ.

“ಗಾಡಿ?”

ಮಶಾಕಸಾಬ ಕಿಟಕಿಯಿಂದ ತಲೆ ತೂರಿಸಿದ. “ಗಾಡಿ ಬಂದ್ರ ನಮ್ಮ ಅಂಗಡ್ಯಾಗಿನ ರಿಮ್ ಎಲ್ಲಾ ತಾವ ಹಾಡತಾವ್ರಿ ಬಾಯಾರ. ಹೋದ ವರ್ಷ ಒಂದ ಗಂಟಿ ತಾನ ಬಾರಿಸಿತ್ತು.”

ಹಸೀನಾ ಇಷ್ಟನ್ನೂ ಬರೆದುಕೊಂಡಳು. ರೈಲು ಹೋದಾಗ ತಂತಿಯಲ್ಲಿ ಅಕ್ಷರ ಹುಟ್ಟುತ್ತದೆ ಎಂಬ ಸಂಗತಿ ಅಂದೇ ತಾರಿನ ಮೂಲಕ ಮುಂಬಯಿಗೆ ಹೋಯಿತು. ಮಂಗಳವಾರ ಟೆಲಿಫೋನಿನವರು ಕಂಬ ಕಂಬವನ್ನೂ ನೋಡುತ್ತ ಹೊರಟರು. ಜೈನಾಪುರದ ಹತ್ತಿರ ಒಂದು ಕಂಬಕ್ಕೆ ಎಮ್ಮೆ ಕಟ್ಟಿತ್ತು. ಬಿಚ್ಚಲು ಹೇಳಿದಾಗ ಎಮ್ಮೆಯ ಒಡತಿ ಹೊಳೆವ್ವ ಸೊಂಟಕ್ಕೆ ಕೈ ಕೊಟ್ಟು ನಿಂತಳು.

“ಇಜಾಪುರದಾಗ ಕಾಗದದ ಮ್ಯಾಲೆ ಇಂಗ್ಲೀಷ್ ಅಕ್ಷರಾ ಮೂಡಾಕತ್ತಾವಬೇ,” ಎಂದ ಲೈನ್‌ಮನ್.

“ಅದಕ್ಕ? ನನ್ನ ಎಮ್ಮಿ ಇಂಗ್ಲೀಷ್ ಬರಿತೈತೇನೋ ಯಪ್ಪಾ? ಕನ್ನಡಾನ ಬರಂಗಿಲ್ಲ ಅದಕ್ಕ!”

ಎಮ್ಮೆಯನ್ನು ಬಿಚ್ಚಲಾಯಿತು ಎಂದು ವರದಿಯಲ್ಲಿ ದಾಖಲಾಯಿತು.

ಈ ಗದ್ದಲದಿಂದ ಅಮೋಘಿಗೆ ಒಂದೇ ಅರ್ಥವಾಯಿತು: ಹುಡುಗಿಯ ಹಕ್ಕಿಗೆ ದೊಡ್ಡವರ ಕಣ್ಣು ಬಿದ್ದಿದೆ, ಒಂದು ಕೊಡ ಸಾಲದು. ಅವನು ತಿಕೋಟಾದ ಯಂತ್ರ ನೋಡಿಕೊಳ್ಳುವ ಅಲ್ಲಾಉದ್ದೀನನಿಗೂ, ಬಬಲೇಶ್ವರದ ಯಂತ್ರ ನೋಡಿಕೊಳ್ಳುವ ನಿವೃತ್ತ ಶಿಕ್ಷಕ ಯಲಗೂರಪ್ಪ ಮಾಸ್ತರರಿಗೂ ತಂತಿಯ ಮೇಲೆ ಒಂದು ಸುತ್ತೋಲೆ ಕಳಿಸಿದ: ಬುಧವಾರ ಹಸೀನಾಬಾಯಿಯ ಪಾಳಿಯಲ್ಲಿ, ನನ್ನ ಸಾಲು ಬಂದ ಕೂಡಲೇ ನೀವೂ ತಲಾ ಒಂದು ಸಾಲು ಡಬ್ಲ್ಯೂ ಹಾಕತಕ್ಕದ್ದು. ಕೆಳಗೆ ‘ಮುಖ್ಯ ಅಧಿಕಾರಿ’ ಎಂದು ಒತ್ತಿದ.

ಎರಡನೆಯ ಬುಧವಾರ ಹಸೀನಾ ಕೋಣೆಗೆ ಬರಲಿಲ್ಲ. ಗಡಿಯಾರ ಹಿಡಿದು ಹಳಿಯ ಪಕ್ಕ ಬಿಸಿಲಿನಲ್ಲಿ ನಿಂತಿದ್ದಳು. ವಿಜ್ಞಾನದ ದುರದೃಷ್ಟಕ್ಕೆ ಅಂದು ಗಾಡಿ ಇಪ್ಪತ್ತು ನಿಮಿಷ ತಡವಾಯಿತು. ಅಮೋಘಿಗೆ ಗಾಡಿಯೇ ಗಡಿಯಾರ. ಅವನೂ ಇಪ್ಪತ್ತು ನಿಮಿಷ ಒದ್ದಾಡಿ, ಗಾಡಿ ಹೋದ ಮೇಲೆಯೇ ಕೊಡ ಹಾಕಿದ. ಹಿಂದೆಯೇ ತಿಕೋಟಾದಿಂದ ಒಂದು, ಬಬಲೇಶ್ವರದಿಂದ ಒಂದು. ಹಸೀನಾ ಓಡಿ ಬಂದು ನೋಡಿದಾಗ ಕಾಗದದ ಮೇಲೆ ಮೂರು ಸಾಲು, ಪಕ್ಕದಲ್ಲಿ ಹತ್ತು ಮೂವತ್ತೈದು.

ಇದಕ್ಕಿಂತ ಗಟ್ಟಿಯಾದ ಪುರಾವೆ ಯಾರಿಗೆ ಬೇಕು? ಮುಂಬಯಿಯ ಪರಾಂಜಪೆ ಸಾಹೇಬರು ಇಡೀ ಪ್ರಯೋಗದ ಮುಖ್ಯಸ್ಥರು. ಅವರು ‘ಉಗಿಬಂಡಿಯಿಂದ ಅಕ್ಷರೋತ್ಪತ್ತಿ’ ಎಂಬ ನಲವತ್ತು ಪುಟದ ವರದಿ ಬರೆದು ದಿಲ್ಲಿಗೆ ಕಳಿಸಿದರು. ಮೂರನೆಯ ಬುಧವಾರ ತಾವೇ ಬಂದು ನೋಡುವುದಾಗಿಯೂ, ಅಂದೂ ಗಾಡಿಯೊಂದಿಗೆ ಅಕ್ಷರ ಬಂದರೆ ಇಬ್ರಾಹಿಂಪುರದ ಕೋಣೆ ಮುಚ್ಚಿ ಯಂತ್ರಗಳನ್ನು ಧಾರವಾಡಕ್ಕೆ ಸಾಗಿಸುವುದಾಗಿಯೂ ಪತ್ರ ಬಂತು. ಅಮೋಘಿಯ ಬಗ್ಗೆ ಪತ್ರದಲ್ಲಿ ಒಂದೇ ಸಾಲಿತ್ತು: ‘ತಾತ್ಕಾಲಿಕ ಸಿಬ್ಬಂದಿಯನ್ನು ಬಿಡುಗಡೆ ಮಾಡಲಾಗುವುದು.’

ಮಂಗಳವಾರ ಮಧ್ಯಾಹ್ನ ಇದನ್ನು ಓದಿ ಹೇಳಿದವಳು ಹಸೀನಾ. ಅಮೋಘಿ ರಜಿಸ್ಟರು ತೆರೆದು ಅವಳ ಪಾಳಿಯ ಮೇಲೆ ಬೆರಳಿಟ್ಟ.

“ಯಾಕ್ರೀ ಬಾಯಾರ? ನಿಮ್ಮ ಪಾಳಿ ಖಾಲಿ ಹೋಗಿಲ್ಲಲ್ರಿ?”

“ಖಾಲೀನ ಹೋಗಬೇಕಾಗಿತ್ರಿ ಅಮೋಘಿಯವರ!” ಹಸೀನಾಳ ಕಣ್ಣಲ್ಲಿ ನೀರು ನಿಂತಿತ್ತು. “ಆ ತಾಸಿನ್ಯಾಗ ಯಾರೂ ಏನೂ ಕಳಸಬಾರ್ದು. ಎಲ್ಲಾರೂ ಸುಮ್ಮನಿದ್ದಾಗ ತಂತಿ ತಾನ ಏನ ಅಂತೈತಿ ಅಂತ ಕೇಳೂದ ನನ್ನ ಪ್ರಯೋಗ. ಅದು ಸುಮ್ಮ ಇದ್ರ ಉಳಿದವ್ರ ಅಕ್ಷರಾ ನಂಬಬಹುದು. ಮೂರ ತಾಸ ಮೌನ ಬೇಕಾಗಿತ್ತು ನನಗ. ಎರಡ ಹೋದ್ವು.”

ಅಮೋಘಿಯ ಬಾಯಿ ತೆರೆಯಿತು. ಮನೆಯಲ್ಲಿನ ಟ್ರಂಕು ಕಣ್ಣ ಮುಂದೆ ಬಂತು. ಬಾಯಿ ಮುಚ್ಚಿತು.

ಅವಳು ಹೋದ ಕೂಡಲೇ ಅವನು ಎರಡನೆಯ ಸುತ್ತೋಲೆ ಹೊರಡಿಸಿದ: ನಾಳೆ ಹತ್ತರಿಂದ ಹನ್ನೊಂದು ಯಾರೂ ಏನೂ ಕಳಿಸಬಾರದು, ಎಲ್ಲರೂ ಸುಮ್ಮನೆ ಕೂಡತಕ್ಕದ್ದು, ಸಾಹೇಬರು ಬರುತ್ತಾರೆ.

ಬುಧವಾರ ಹತ್ತಕ್ಕೆ ಐದು ನಿಮಿಷವಿರುವಾಗ ಪರಾಂಜಪೆ ಸಾಹೇಬರು ಬಂದು ಬೋರ್ಡಿನ ಮುಂದೆ ನಿಂತರು. ‘ನಿಧಾನವಾಗಿ ಚಲಿಸಿರಿ’ ಎಂಬುದನ್ನು ಓದಿ ನಿಧಾನವಾಗಿ ಒಳಗೆ ಬಂದರು. ಹಸೀನಾ ಯಂತ್ರದ ಪಕ್ಕ ನಿಂತಳು. ಮಶಾಕಸಾಬ ಅಂಗಡಿಯ ಗಂಟೆಗಳಿಗೆಲ್ಲ ಅರಿವೆ ಸುತ್ತಿಟ್ಟು ಬಂದು ಕಿಟಕಿ ಹಿಡಿದ. ಸಾವಂತ್ರವ್ವ ಗಂಡ ಮರೆತುಬಂದ ಬುತ್ತಿಯ ನೆಪ ಮಾಡಿಕೊಂಡು ಬಾಗಿಲಲ್ಲಿ ಕೂತಳು. ಅಮೋಘಿ ಎರಡೂ ಕೈಗಳನ್ನು ತೊಡೆಯ ಕೆಳಗೆ ಒತ್ತಿ ಸ್ಟೂಲಿನ ಮೇಲೆ ಕೂತ.

ಹತ್ತು ಹೊಡೆಯಿತು. ಕಾಗದ ಬೆಳ್ಳಗಿತ್ತು.

ಹತ್ತೂಕಾಲಿಗೆ ಸರಿಯಾಗಿ ಗಾಡಿ ಬಂತು. ಗೋಡೆ ನಡುಗಿತು, ಕಿಟಕಿ ನಡುಗಿತು, ಅಮೋಘಿಯ ತೊಡೆಯ ಕೆಳಗೆ ಬೆರಳುಗಳು ತಮ್ಮಷ್ಟಕ್ಕೆ ತಾವು ಕುಣಿದವು. ಗಾಡಿ ಹೋಯಿತು. ಕಾಗದ ಬೆಳ್ಳಗೇ ಇತ್ತು.

ಪರಾಂಜಪೆ ಸಾಹೇಬರು ಕನ್ನಡಕ ತೆಗೆದು ಒರೆಸಿದರು. ನಲವತ್ತು ಪುಟ ಅವರ ಕಣ್ಣ ಮುಂದೆ ಹಾದುಹೋದಂತೆ ಕಂಡಿತು. ಹಸೀನಾ ಗಡಿಯಾರ ನೋಡಿದಳು. ಹತ್ತೂವರೆ. ಹತ್ತು ನಲವತ್ತು. ಐದು ಜನ ಉಸಿರಾಡುವುದು ಐವರಿಗೂ ಕೇಳುತ್ತಿತ್ತು. ಅಷ್ಟು ಹೊತ್ತು ಅಷ್ಟು ಜನ ಸುಮ್ಮನೆ ಕೂತದ್ದು ಇಬ್ರಾಹಿಂಪುರದಲ್ಲಿ ಅದೇ ಮೊದಲಿರಬೇಕು.

ಹತ್ತು ಐವತ್ತೆರಡಕ್ಕೆ ಯಂತ್ರ ಖಟಖಟ ಎಂದಿತು.

ಇಂಗ್ಲೀಷ್ ಅಕ್ಷರಗಳಲ್ಲಿ ಕನ್ನಡ ಮೂಡತೊಡಗಿತು. ಹಸೀನಾ ಒಂದೊಂದೇ ಪದ ಕೂಡಿಸಿ ಓದಿದಳು: “ತಿಕೋಟಾದಿಂದ ತುಕಾರಾಮ. ಸಂತಿಗೆ ಬಂದಿದ್ದೆ. ಅಳಿಯಂದ್ರ, ನೀವು ಹೇಳಿದಂಗ ಸುಮ್ಮ ಕುಂತೇವಿ. ಅಲ್ಲಾಉದ್ದೀನನ ಒಂದ ಕೈ ನಾನ ಹಿಡಕೊಂಡೇನಿ, ಇನ್ನೊಂದ ಕೈಲೆ ಅಂವಾ ಇದನ್ನ ಒತ್ತಾಕತ್ತಾನ. ಯಾರೂ ಏನೂ ಕಳಸಿಲ್ಲ. ಚಿಂತಿ ಮಾಡಬ್ಯಾಡ್ರಿ.”

“ಯಪ್ಪಾ!” ಎಂದಳು ಸಾವಂತ್ರವ್ವ ಬಾಗಿಲಲ್ಲಿ. ತಿಕೋಟಾದಲ್ಲಿ ಕೂತ ತಂದೆಗೆ ಅಂದಳೋ, ದೇವರಿಗೆ ಅಂದಳೋ ಗೊತ್ತಾಗಲಿಲ್ಲ.

ಯಂತ್ರ ಅಷ್ಟಕ್ಕೆ ನಿಲ್ಲಲಿಲ್ಲ. ಈಗ ಬಬಲೇಶ್ವರ. ಯಲಗೂರಪ್ಪ ಮಾಸ್ತರರು ನಲವತ್ತು ವರ್ಷ ಶಿಕ್ಷಣ ಇಲಾಖೆಯಲ್ಲಿ ಸವೆದವರು, ಲಿಖಿತ ಸ್ಪಷ್ಟೀಕರಣವಿಲ್ಲದೆ ಸುಮ್ಮನೆ ಕೂಡುವವರಲ್ಲ. ‘ಮುಖ್ಯ ಅಧಿಕಾರಿಗಳಿಗೆ. ಕಳೆದ ವಾರದ ಸುತ್ತೋಲೆಯಂತೆ ತಲಾ ಒಂದು ಸಾಲು ಡಬ್ಲ್ಯೂ ಹಾಕುವುದೋ, ನಿನ್ನೆಯ ಸುತ್ತೋಲೆಯಂತೆ ಸುಮ್ಮನೆ ಕೂಡುವುದೋ? ಎರಡರಲ್ಲಿ ಯಾವುದು ಊರ್ಜಿತ? ಐದು ನಿಮಿಷ ಉಳಿದಿದೆ. ತಕ್ಷಣ ತಿಳಿಸಿರಿ.’

ತಿಕೋಟಾದಿಂದ ಮತ್ತೆ: ‘ಮಾಸ್ತರ, ಸುಮ್ಮ ಕುಂದರ್ರಿ ಅಂದ್ರ ಸುಮ್ಮ ಕುಂದರ್ರಿ. ಅಲ್ಲಿ ಸಾಹೇಬ್ರು ಬಂದಾರಂತ.’

ಸಾಹೇಬರು ಅಮೋಘಿಯ ಕಡೆ ತಿರುಗಿದರು. “ಮುಖ್ಯ ಅಧಿಕಾರಿ ಯಾರು?”

ಅಮೋಘಿ ತೊಡೆಯ ಕೆಳಗಿನಿಂದ ಎರಡೂ ಕೈ ತೆಗೆದು ಎದುರಿಗೆ ಚಾಚಿದ, ಬೇಡಿ ಹಾಕಿಸಿಕೊಳ್ಳುವವನಂತೆ. “ನಾನ್ರಿ. ಡಬ್ಲ್ಯೂ ನಂದ್ರಿ ಸಾಹೇಬ್ರ. ಗಾಡೀದಲ್ಲ. ಎಮ್ಮೀದೂ ಅಲ್ಲ. ಹೋದ ಸಲದ ಮೂರರಾಗ ಎರಡು ಅವರಿಬ್ಬರ್ದು, ಆದ್ರ ಹೇಳಿದಾವ ನಾನ. ಈ ಬಾಯಾರ ಹಕ್ಕು ಬೀಳಬಾರ್ದಂತ ಒಂದೊಂದ ಕೊಡಾ ಹಾಕಿದ್ವಿ.”

“ಏನು ಕೊಡ?”

ಅಮೋಘಿ ಬಾವಿಯ ಕಟ್ಟಳೆ ಹೇಳಿದ. ಹೇಳುವಾಗ ಹೆಂಡತಿಯ ಕಡೆ ನೋಡಲಿಲ್ಲ. ಆರನೆಯ ನೌಕರಿಯೂ ಹೋಯಿತೆಂದು ಅವಳಿಗೆ ಅರ್ಥವಾಗಿತ್ತು. ಟ್ರಂಕು ಹೇಗೂ ಕಟ್ಟಿಯೇ ಇತ್ತು.

ಹಸೀನಾ ಮಾತ್ರ ಕಾಗದವನ್ನೇ ನೋಡುತ್ತಿದ್ದಳು. ಮೂರು ವಾರದ ಮೂರೂ ಹಾಳೆಗಳನ್ನು ಮೇಜಿನ ಮೇಲೆ ಹರಡಿದಳು. ಪೆನ್ಸಿಲ್ ತೆಗೆದು ನಾಲ್ಕು ಸಾಲು ಡಬ್ಲ್ಯೂ ಹೊಡೆದುಹಾಕಿದಳು, ಇಂದಿನ ಮೂರು ಸಂದೇಶ ಹೊಡೆದುಹಾಕಿದಳು. ಉಳಿದದ್ದು ಬರೀ ಬಿಳಿ.

“ಸರ್, ತಂತಿ ತಾನಾಗಿ ಒಂದ ಅಕ್ಷರಾನೂ ಹುಟ್ಟಿಸಿಲ್ಲ,” ಎಂದಳು. “ಮೂರ ತಾಸಿನ್ಯಾಗ ಒಂದೂ ಇಲ್ಲ. ಗಾಡಿ ಹೋದಾಗೂ ಇಲ್ಲ. ಇವ್ರು ಇದನ್ನ ಬರೆದ ಸಹಿ ಮಾಡಿ ಕೊಟ್ರ ನನ್ನ ಪ್ರಯೋಗ ಉಳೀತೈತಿ.”

ಅಮೋಘಿ ಬರೆದುಕೊಟ್ಟ. ಪರಾಂಜಪೆ ಸಾಹೇಬರು ಅದನ್ನು ಓದಿ ಹಸೀನಾಳ ಕೈಗೆ ಕೊಟ್ಟರು. ಅವರ ತೊಡಕು ಬೇರೆ. ರೈಲಿನ ಮೇಲೆ ಬರೆದ ನಲವತ್ತು ಪುಟ ಆಗಲೇ ದಿಲ್ಲಿ ಮುಟ್ಟಿತ್ತು. ಈಗ ‘ರೈಲು ಅಲ್ಲ, ಕೋಣೆಪಾಲಕ’ ಎಂದು ಬರೆದರೆ ದಿಲ್ಲಿಯವರು ನಗುವುದು ಕೋಣೆಪಾಲಕನನ್ನು ನೋಡಿ ಅಲ್ಲ. ಅವರು ಅಲ್ಲಿಯೇ ಕೂತು ನಲವತ್ತೊಂದನೆಯ ಪುಟ ಬರೆದರು: ‘ಸ್ಥಳೀಯ ಸಿಬ್ಬಂದಿಯ ಸತತ ಜಾಗರೂಕತೆಯಿಂದ ದೋಷವು ಪೂರ್ಣವಾಗಿ ನಿವಾರಣೆಯಾಗಿದೆ. ಕೇಂದ್ರವನ್ನು ಇಲ್ಲಿಯೇ ಮುಂದುವರಿಸಬಹುದು.’

ಹೋಗುವಾಗ, “ಆ ಬೋರ್ಡು ತೆಗೆ,” ಎಂದಷ್ಟೇ ಹೇಳಿದರು.

ದಿಲ್ಲಿಯಿಂದ ಎರಡು ತಿಂಗಳಿಗೆ ಉತ್ತರ ಬಂತು. ರೈಲ್ವೆಯಂಥ ರೈಲ್ವೆಯ ದೋಷವನ್ನು ನಿವಾರಿಸಿದ ಸಿಬ್ಬಂದಿ ಇನ್ನೂ ತಾತ್ಕಾಲಿಕವಾಗಿ ಏಕೆ ಇದ್ದಾನೆ, ಕಾರಣ ತಿಳಿಸಿರಿ ಎಂದು ಕೇಳಿದ್ದರು. ಕಾರಣ ತಿಳಿಸುವುದಕ್ಕಿಂತ ಕಾಯಂ ಮಾಡುವುದು ಸುಲಭವೆಂದು ಪರಾಂಜಪೆ ಸಾಹೇಬರಿಗೆ ಅನ್ನಿಸಿತು. ಆದೇಶದ ಜೊತೆಗೆ ಹಸೀನಾಳ ಪ್ರಬಂಧದ ಒಂದು ಹಾಳೆಯೂ ಬಂತು. ತಂತಿಯಲ್ಲಿ ಬೇಡದ ಅಕ್ಷರ ಮೂಡಲು ಏನೇನು ಕಾರಣ ಎಂಬ ಪಟ್ಟಿ ಅದರಲ್ಲಿತ್ತು. ಸಿಡಿಲು: ಇಲ್ಲ. ರೈಲು: ಇಲ್ಲ. ಕನಿಕರ: ನಾಲ್ಕು ಸಾಲು.

ಅಮೋಘಿ ಆದೇಶ ಹಿಡಿದು ಘೋಣಸಗಿಗೆ ಹೋದ.

“ಕಾಯಂ ಆದ್ರೆಲ್ಲ! ಈಗ ಏನ ಕೆಲಸ?” ಎಂದು ಕೇಳಿದ ತುಕಾರಾಮ.

“ತಂತಿ ಸುಮ್ಮ ಐತೋ ಇಲ್ಲೋ ನೋಡಾಕ ಬುಧವಾರಕ್ಕೊಮ್ಮೆ ಒಂದ ತಾಸ ಯಾರೂ ಏನೂ ಮಾಡದಂಗ ನೋಡಕೋಬೇಕ್ರಿ. ನಾನೂ ಏನೂ ಮಾಡಬಾರ್ದು.”

ತುಕಾರಾಮ ಬಾವಿಯ ದಂಡೆಯ ಮೇಲೆ ಕೂತು ಯೋಚಿಸಿದ. “ಹಂಗಾರ ನಮ್ಮ ಓಣಿ ಮಂದಿ ಪೂರಾ ಕಾಯಂ ಆಗಬೇಕಿತ್ತು,” ಎಂದ.

ಸಾವಂತ್ರವ್ವ ಮಾತಿಗೆ ತಪ್ಪುವವಳಲ್ಲ. ಅಂದೇ ಸಂಜೆ ಹಗ್ಗ ಬಿಚ್ಚಿದಳು. ಟ್ರಂಕಿನ ತಳದಲ್ಲಿ ಅವಳೇ ಮರೆತಿದ್ದ ಎರಡು ಸೀರೆ, ಒಂದು ಕನ್ನಡಿ, ಮಾವಿನಕಾಯಿ ಬಣ್ಣದ ಒಂದು ಕುಬಸ ಸಿಕ್ಕವು. ತಗಡಿನ ಮೇಲೆ ಹಗ್ಗವಿದ್ದ ಜಾಗದಲ್ಲಿ ಮಾತ್ರ ಹಸಿರು ಬಣ್ಣ ಹೊಸದರಂತೆ ಉಳಿದಿತ್ತು. ಅವಳು ಹಗ್ಗವನ್ನು ಸುರುಳಿ ಸುತ್ತಿದಳು, ಎಸೆಯಲಿಲ್ಲ.

ಬುಧವಾರ ಹತ್ತಕ್ಕೆ ಸರಿಯಾಗಿ ಅವಳು ಆ ಸುರುಳಿ ಹಿಡಿದು ಇಬ್ರಾಹಿಂಪುರದ ಕೋಣೆಗೆ ಬಂದಳು. ಗಂಡ ಸ್ಟೂಲಿನ ಮೇಲೆ ಕೂತು ಎರಡೂ ಕೈ ಹಿಂದಕ್ಕೆ ಕೊಟ್ಟ. ಅವಳು ಆರು ವರ್ಷದ ಅಭ್ಯಾಸದ ಗಂಟನ್ನೇ ಹಾಕಿದಳು. ಮಶಾಕಸಾಬ ಕಿಟಕಿಯಿಂದ ನೋಡಿ ತಲೆಯಾಡಿಸಿ ಹೋದ. ಯಂತ್ರ ಸುಮ್ಮನಿತ್ತು. ದೂರದಲ್ಲಿ ಗಾಡಿ ಕೂಗಿತು.

“ಬಿಗಿ ಆತೇನ್ರಿ?” ಎಂದಳು ಸಾವಂತ್ರವ್ವ.

“ಇನ್ನೊಂದೀಟ ಬಿಗಿ, ಸಾವಂತ್ರಿ,” ಎಂದ ಅಮೋಘಿ. “ಗಾಡಿ ಬರೂ ಹೊತ್ತಾತು.”